ಆ ಸೀನ್‌ಗೆ ನಾವೆಲ್ಲ ನಕ್ಕಿದ್ವಿ

ಕಳೆದ ದೀಪಾವಳಿಗೆ ಊರಿಗೆ ಹೋಗಿದ್ದೆ, ಶಿಗ್ಗಾವಿ ತಾಲ್ಲೂಕಿನ ದುಂಡಸಿಗೆ. ಟಿವಿಯಲ್ಲಿ ಯಾವುದೋ ಹಳೇ ಸಿನಿಮಾ. ಲಾಕಪ್ಪಿನಲ್ಲಿ ದಪ್ಪ ಮೀಸೆಯ ಕೈದಿಯೊಬ್ಬ ಕಾಮಿಡಿ ನಟನ ಮೈಮೇಲೆ ಕೈ ಹಾಕ್ತಾನೆ, ಇವನು ಕಿರುಚ್ತಾನೆ. ಮನೆಯವರೆಲ್ಲ ನಕ್ಕರು. ನನಗೆ ನಗು ಬರಲಿಲ್ಲ.

ಹಿಂದಿನ ವಾರವಷ್ಟೇ ಎಂಜಿನಿಯರಿಂಗ್ ಹಾಸ್ಟೆಲ್ಲಿನ ರೂಮ್‌ಮೇಟ್ ಫೋನ್ ಮಾಡಿದ್ದ. "ಬೇಬಿ ರೇನ್‌ಡಿಯರ್ ನೋಡಿದೆ ಲೇ. ನಂಗೂ ಹಂಗ ಆಗಿತ್ತು, ಸಣ್ಣಾಂವ ಇದ್ದಾಗ. ನಮ್ಮ ಸಂಬಂಧಿಕನ ಆಂವ."

ನಾಲ್ಕು ವರ್ಷ ಒಂದೇ ರೂಮು. 'ತ್ರೀ ಈಡಿಯಟ್ಸ್' ಎಷ್ಟು ಸಲ ನೋಡಿದ್ವೋ ಲೆಕ್ಕವಿಲ್ಲ. ಭಾಷಣದಲ್ಲಿ 'ಚಮತ್ಕಾರ್' ಹೋಗಿ 'ಬಲಾತ್ಕಾರ್' ಆಗುವ ಸೀನ್‌ಗೆ ಬಿದ್ದು ಬಿದ್ದು ನಗ್ತಿದ್ವಿ. ಅವನೂ ನಗ್ತಿದ್ದ, ನಮಗಿಂತ ಜೋರಾಗಿ.

ನಮ್ಮ ಸಿನಿಮಾದಲ್ಲಿ ಗಂಡಸಿನ ಮೇಲೆ ಕೈ ಹಾಕಿದರೆ ಅದು ಹೆಚ್ಚಾಗಿ ಕಾಮಿಡಿ. ಗಂಭೀರವಾಗಿ ತೆಗೆದುಕೊಂಡವೂ ಇವೆ. 2004ರ 'ಐತರಾಜ್', ಅದರ ಕನ್ನಡ ರೀಮೇಕ್, ಉಪೇಂದ್ರ ನಟಿಸಿದ 2011ರ 'ಶ್ರೀಮತಿ'. ಮೇಲಧಿಕಾರಿ ಹೆಣ್ಣು, ಬೇಡ ಅನ್ನುವ ಗಂಡು, ಕೊನೆಗೆ ಕೋರ್ಟು. ಆದರೆ ಅಲ್ಲೂ ನಾಯಕನ 'ಬೇಡ'ಕ್ಕೆ ಬೆಲೆ ಬರೋದು ಅವನು ಒಳ್ಳೆಯ ಗಂಡ ಅಂತ. ಮದುವೆಯೇ ಆಗಿರದಿದ್ದರೆ ಥಿಯೇಟರ್‌ನಲ್ಲಿ ಸೀಟಿ ಬೀಳ್ತಿತ್ತೇನೋ.

2024ರ 'ಬೇಬಿ ರೇನ್‌ಡಿಯರ್' ಅನ್ನು ರಿಚರ್ಡ್ ಗ್ಯಾಡ್ ತನಗಾದದ್ದನ್ನೇ ಆಧರಿಸಿ ಬರೆದು, ತಾನೇ ನಟಿಸಿದ. ಶುರುವಿನಲ್ಲೇ ಪೊಲೀಸ್ ಕೇಳ್ತಾನೆ, ದೂರು ಕೊಡೋಕೆ ಇಷ್ಟು ತಡ ಯಾಕೆ ಅಂತ. ಹಾಳು ಮಾಡಿದವನ ಮನೆಗೇ ಅವನು ಮತ್ತೆ ಮತ್ತೆ ಹೋಗೋದನ್ನೂ ಮುಚ್ಚಿಡಲ್ಲ. ನನ್ನ ಗೆಳೆಯನಿಗೆ ತಾಗಿದ್ದು ಅದೇ. "ನಾನೂ ಅವರ ಮನಿಗೆ ಹೊಕ್ಕಿದ್ದೆ, ಹಬ್ಬಕ್ಕ" ಅಂದ.

ನಮ್ಮ ಟಿವಿಯಲ್ಲೂ ಒಮ್ಮೆ ಈ ಮಾತು ಬಂದಿತ್ತು. 2012ರ ಮೇ 13ರಂದು ಆಮಿರ್ ಖಾನ್‌ರ 'ಸತ್ಯಮೇವ ಜಯತೇ'ಯಲ್ಲಿ ಹರೀಶ್ ಅಯ್ಯರ್ ಬಾಲ್ಯದಲ್ಲಿ ತಮಗಾದದ್ದನ್ನು ದೇಶದೆದುರು ಹೇಳಿದರು. ಕಾರ್ಯಕ್ರಮ ತಮಿಳು, ತೆಲುಗು, ಮಲಯಾಳಂಗೆ ಡಬ್ ಆಯ್ತು, ಕನ್ನಡಕ್ಕೆ ಆಗಲಿಲ್ಲ. ಡಬ್ಬಿಂಗ್ ಬೇಡವೆಂದು ನಮ್ಮ ಚಿತ್ರರಂಗ ಪಟ್ಟು ಹಿಡಿದಿತ್ತು. ಅದಕ್ಕೆ ಅವರ ಕಾರಣಗಳಿದ್ದವು, ಇರಲಿ. ಹಿಂದಿ ಬಾರದ ನಮ್ಮ ಅವ್ವನಂಥವರಿಗೆ ಮಾತ್ರ ಆ ಭಾನುವಾರ ತಪ್ಪಿಹೋಯ್ತು.

ತಪ್ಪಿದ್ದು ಸಣ್ಣದಲ್ಲ. 13 ರಾಜ್ಯಗಳಲ್ಲಿ ಕೇಂದ್ರ ಸರ್ಕಾರ ಮಾಡಿಸಿದ 2007ರ ಅಧ್ಯಯನದಲ್ಲಿ, ಲೈಂಗಿಕ ದೌರ್ಜನ್ಯ ಆಗಿದೆ ಎಂದ ಮಕ್ಕಳಲ್ಲಿ ಶೇ 52.94 ಹುಡುಗರು. 2012ರ ಪೋಕ್ಸೊ ಕಾಯ್ದೆ ಹುಡುಗ ಹುಡುಗಿ ಭೇದ ಮಾಡಲ್ಲ. ಹದಿನೆಂಟು ದಾಟಿದ ಗಂಡಸಿನ ಕತೆ ಬೇರೆ. 2024ರ ಜುಲೈ 1ರಿಂದ ಜಾರಿಯಾದ ಭಾರತೀಯ ನ್ಯಾಯ ಸಂಹಿತೆಯಲ್ಲೂ ಅತ್ಯಾಚಾರದ ಸಂತ್ರಸ್ತೆ ಹೆಣ್ಣು ಮಾತ್ರ, ಹಳೆಯ 377ನೇ ಸೆಕ್ಷನ್ ಕೂಡ ಈಗಿಲ್ಲ.

ಊರಿಂದ ವಾಪಸ್ ಬಂದ ಮೇಲೆ ಅವನಿಗೆ ಫೋನ್ ಮಾಡಿದೆ. ಮನ್ಯಾಗ ಹೇಳೀಯೇನು ಅಂತ ಕೇಳಿದೆ.

"ಅವ್ವಗ ಹೆಂಗ ಹೇಳೂದಲೇ, ಯಾವ ಶಬ್ದದಾಗ?" ಅಂದ. ನಾನೂ ಹುಡುಕಿದೆ. ನೆನಪಾದದ್ದೆಲ್ಲ ಸಿನಿಮಾದ ಜೋಕುಗಳೇ.