ಹಿಮದ ಹಾದಿಯಲ್ಲಿ ಕಾಲು ಶತಮಾನ

ಮೈಯಲ್ಲಿರುವ ಶಕ್ತಿಯನ್ನೆಲ್ಲ ಸುರಿದು ಧಾವಿಸುವುದು ಒಂದು ವಿದ್ಯೆ; ಉಸಿರನ್ನು ಬಿಗಿಹಿಡಿದು ನಿಶ್ಚಲನಾಗಿ ಗುರಿಯಿಡುವುದು ಇನ್ನೊಂದು. ಪರಸ್ಪರ ವಿರುದ್ಧವಾದ ಈ ಎರಡನ್ನೂ ಒಬ್ಬನಿಂದಲೇ, ಒಂದರ ಬೆನ್ನಿಗೊಂದರಂತೆ, ನಿರ್ದಾಕ್ಷಿಣ್ಯವಾಗಿ ಬೇಡುವ ಕ್ರೀಡೆಯೇ ಬಯಾಥ್ಲಾನ್. ಕಾಲಿಗೆ ಸ್ಕೀ ಕಟ್ಟಿ, ಮೂರೂವರೆ ಕಿಲೋಗ್ರಾಮಿಗೆ ಕಡಿಮೆಯಿಲ್ಲದ ಬಂದೂಕನ್ನು ಬೆನ್ನಿಗೇರಿಸಿ, ಹಿಮಾವೃತವಾದ ಏರಿಳಿತಗಳನ್ನು ದಾಟಿ ಬಂದ ಸ್ಪರ್ಧಾಳುವು, ಎದೆಯ ಬಡಿತ ಇನ್ನೂ ಅಡಗದಿರುವಾಗಲೇ, 50 ಮೀಟರ್ ದೂರದಲ್ಲಿರುವ ಐದು ಗುರಿಗಳನ್ನು ಹೊಡೆಯಬೇಕು. ಬೋರಲು ಮಲಗಿ ಹೊಡೆಯುವಾಗ ಗುರಿಯ ವ್ಯಾಸ 45 ಮಿಲಿಮೀಟರು. ನಿಂತು ಹೊಡೆಯುವಾಗ 115. ತಪ್ಪಿದ ಪ್ರತಿಯೊಂದು ಗುರಿಗೂ 150 ಮೀಟರಿನ ದಂಡದ ಸುತ್ತು ಕಾದಿರುತ್ತದೆ. 20 ಕಿಲೋಮೀಟರಿನ ಸ್ಪರ್ಧೆಯಲ್ಲಾದರೋ ಒಟ್ಟು ಕಾಲಕ್ಕೆ ಒಂದು ನಿಮಿಷವೇ ಸೇರಿಬಿಡುತ್ತದೆ. ಉತ್ತರದ ಹಿಮದೇಶಗಳ ಗಡಿಗಾವಲಿನ ಸೈನಿಕರ ಅಭ್ಯಾಸದಿಂದ ಬೆಳೆದುಬಂದ ಈ ಕ್ರೀಡೆ, 1960ರಲ್ಲಿ ಅಮೆರಿಕದ ಸ್ಕ್ವಾ ವ್ಯಾಲಿಯಲ್ಲಿ ಒಲಿಂಪಿಕ್ ಕೂಟವನ್ನು ಪ್ರವೇಶಿಸಿತು.

ಇಂತಹ ಕಠಿಣ ವ್ರತವನ್ನು ಕಾಲು ಶತಮಾನದಷ್ಟು ಕಾಲ ನಡೆಸಿದವನು ನಾರ್ವೆಯ ಓಲೆ ಐನಾರ್ ಬ್ಯೋರ್ನ್‌ಡಾಲೆನ್. 1974ರಲ್ಲಿ ಡ್ರಾಮೆನ್ ಪಟ್ಟಣದಲ್ಲಿ ಜನಿಸಿ, ಸಿಮೊಸ್ಟ್ರಾಂಡಾ ಎಂಬ ಹಳ್ಳಿಯ ಕೃಷಿಕ ಕುಟುಂಬದಲ್ಲಿ ಬೆಳೆದ ಇವನ ಅಣ್ಣ ದಾಗ್ ಕೂಡ ಇದೇ ಕ್ರೀಡೆಯವನು. 1994ರಲ್ಲಿ ಸ್ವದೇಶದ ಲಿಲ್ಲೆಹಾಮರಿನಲ್ಲಿಯೇ ಒಲಿಂಪಿಕ್ ಕೂಟ ನಡೆದಾಗ ಇಪ್ಪತ್ತರ ಈ ತರುಣನಿಗೆ ಪದಕವೊಂದೂ ದಕ್ಕಲಿಲ್ಲ. ನಾಲ್ಕು ವರ್ಷಗಳ ತರುವಾಯ ನಾಗಾನೊದಲ್ಲಿ, ಹಿಮಪಾತದಿಂದ ನಿಂತುಹೋಗಿ ಮರುದಿನ ಮತ್ತೆ ನಡೆದ 10 ಕಿಲೋಮೀಟರಿನ ಸ್ಪರ್ಧೆಯಲ್ಲಿ ಮೊದಲ ಚಿನ್ನ ಬಂದಿತು. ಅಣ್ಣನೊಡಗೂಡಿ ರಿಲೇಯಲ್ಲಿ ಬೆಳ್ಳಿಯೂ ಬಂದಿತು. 2002ರ ಸಾಲ್ಟ್ ಲೇಕ್ ಸಿಟಿಯಲ್ಲಂತೂ ಪುರುಷರಿಗಿದ್ದ ನಾಲ್ಕು ಬಯಾಥ್ಲಾನ್ ಸ್ಪರ್ಧೆಗಳಲ್ಲಿ ನಾಲ್ಕರಲ್ಲಿಯೂ ಅವನೇ ಚಿನ್ನಕ್ಕೆ ಪಾತ್ರನಾದನು.

ಆ ವೈಭವಕ್ಕಿಂತಲೂ ಅದರ ಹಿಂದಿದ್ದ ನಿಷ್ಠೆಯೇ ನನಗೆ ಹೆಚ್ಚು ಗೌರವಾರ್ಹವಾಗಿ ತೋರುತ್ತದೆ. ಧೂಳಿನಿಂದ ರೋಗ ತಗುಲೀತೆಂಬ ಎಚ್ಚರದಿಂದ ಪ್ರವಾಸಕ್ಕೆ ವ್ಯಾಕ್ಯೂಮ್ ಕ್ಲೀನರನ್ನೂ ಒಯ್ದು, ತಂಗಿದ ಕೋಣೆಯನ್ನು ತಾನೇ ಶುಚಿಗೊಳಿಸುತ್ತಿದ್ದನಂತೆ! ಇದನ್ನು ವಿಚಿತ್ರ ಗೀಳೆಂದು ನಗುವವರು, ಒಂದು ಸಾಮಾನ್ಯ ನೆಗಡಿಯು ಇಡೀ ಋತುವಿನ ಪರಿಶ್ರಮವನ್ನು ಮಣ್ಣುಗೂಡಿಸಬಲ್ಲ ಈ ಕ್ರೀಡೆಯ ಕ್ರೌರ್ಯವನ್ನು ಅರಿಯದವರು. 2006ರ ಟೊರಿನೊದಲ್ಲಿ ಚಿನ್ನವು ಕೈತಪ್ಪಿ ಎರಡು ಬೆಳ್ಳಿ, ಒಂದು ಕಂಚಿಗೆ ತೃಪ್ತಿಪಡಬೇಕಾಗಿ ಬಂದಾಗಲೂ ಅಭ್ಯಾಸವನ್ನು ಕೈಬಿಡಲಿಲ್ಲ.

ಆ ನಿಷ್ಠೆಯ ಫಲ ಕಂಡದ್ದು 2014ರ ಸೋಚಿಯಲ್ಲಿ. ಓರಗೆಯವರು ಬಹುಮಂದಿ ನಿವೃತ್ತರಾಗಿದ್ದ ನಲವತ್ತನೆಯ ವಯಸ್ಸಿನಲ್ಲಿ, 10 ಕಿಲೋಮೀಟರಿನ ಸ್ಪರ್ಧೆಯಲ್ಲಿ, ನಿಂತು ಹೊಡೆಯುವ ಸರದಿಯಲ್ಲಿ ಒಂದು ಗುರಿ ತಪ್ಪಿ ದಂಡದ ಸುತ್ತನ್ನು ಓಡಬೇಕಾಗಿ ಬಂದರೂ, ಒಂದು ಗುರಿಯನ್ನೂ ತಪ್ಪದ ಆಸ್ಟ್ರಿಯದ ಡೊಮಿನಿಕ್ ಲಾಂಡರ್ಟಿಂಗರನನ್ನು ಕೇವಲ 1.3 ಸೆಕೆಂಡುಗಳ ಅಂತರದಿಂದ ಹಿಂದಿಕ್ಕಿದನು. ಮಿಶ್ರ ರಿಲೇಯ ಚಿನ್ನವೂ ಕೂಡಿ ಅವನ ಒಲಿಂಪಿಕ್ ಪದಕಗಳು 13 ಆದವು. ಅವುಗಳಲ್ಲಿ ಚಿನ್ನವೇ 8.

2018ರ ಕೂಟಕ್ಕೆ ನಾರ್ವೆಯ ತಂಡದಲ್ಲಿ ಅವನಿಗೆ ಸ್ಥಾನ ದೊರೆಯಲಿಲ್ಲ. ಅದೇ ಕೂಟದಲ್ಲಿ ಅವನ ದೇಶದವಳೇ ಆದ ಮಾರಿಟ್ ಬ್ಯೋರ್ಗೆನ್ ತನ್ನ ಪದಕಗಳ ಸಂಖ್ಯೆಯನ್ನು 15ಕ್ಕೆ ಏರಿಸಿ ಅವನನ್ನು ಮೀರಿದಳು. ಆ ವರ್ಷದ ಏಪ್ರಿಲ್ ತಿಂಗಳಿನಲ್ಲಿ, ಹೃದಯದ ಬಡಿತದಲ್ಲಿ ಲಯ ತಪ್ಪುತ್ತಿದೆಯೆಂಬ ಕಾರಣವನ್ನು ಮುಂದಿಟ್ಟು, ನಲವತ್ತನಾಲ್ಕರ ಪ್ರಾಯದಲ್ಲಿ ಅವನು ನಿವೃತ್ತಿಯನ್ನು ಸಾರಿದನು. ಸಾಲ್ಟ್ ಲೇಕಿನ ನಾಲ್ಕು ಚಿನ್ನಗಳನ್ನು ಜಗತ್ತು ಎಷ್ಟೇ ಕೊಂಡಾಡಲಿ, ಸೋಚಿಯ ಆ ಒಂದೇ ಓಟವನ್ನು ನಾನು ಅವುಗಳಿಗಿಂತ ಮೇಲೆಂದು ಎಣಿಸುತ್ತೇನೆ.