ಅದಿರು ಸಿಕ್ಕರೆ ಸಾಲದು

ಮೈನ್‌ಕ್ರಾಫ್ಟ್ ಆಟದಲ್ಲಿ ಕಬ್ಬಿಣದ ಅದಿರನ್ನು ಬರಿಗೈಯಲ್ಲಿ ಎಷ್ಟು ಗುದ್ದಿದರೂ ಏನೂ ದಕ್ಕುವುದಿಲ್ಲ. ಮರದ ಪಿಕಾಸಿಯಲ್ಲಿ ಒಡೆದರೂ ಅಷ್ಟೇ, ಕಲ್ಲು ಪುಡಿಯಾಗಿ ಮಾಯವಾಗುತ್ತದೆ, ಕೈಗೆ ಮಾತ್ರ ಏನೂ ಬರುವುದಿಲ್ಲ. ಮೊದಲು ಮರ ಕಡಿದು ಮರದ ಪಿಕಾಸಿ ಮಾಡಿಕೊಳ್ಳಬೇಕು. ಅದರಿಂದ ಕಲ್ಲು ಕಿತ್ತು ಕಲ್ಲಿನ ಪಿಕಾಸಿ ಮಾಡಬೇಕು. ಕಲ್ಲಿನದಕ್ಕೆ ಕಬ್ಬಿಣ ದಕ್ಕುತ್ತದೆ, ಕಬ್ಬಿಣದ್ದಕ್ಕೆ ವಜ್ರ. ನಡುವೆ ಒಂದು ಮೆಟ್ಟಿಲು ಹಾರುತ್ತೇನೆಂದರೆ ಆಟ ಒಪ್ಪುವುದಿಲ್ಲ.

ಸ್ವೀಡನ್ನಿನ ಮಾರ್ಕಸ್ ಪರ್ಸನ್ 2009ರಲ್ಲಿ ಜನರ ಮುಂದಿಟ್ಟ ಈ ಆಟ 2011ರಲ್ಲಿ ಪೂರ್ಣ ರೂಪಕ್ಕೆ ಬಂತು. 2014ರಲ್ಲಿ ಮೈಕ್ರೋಸಾಫ್ಟ್ ಕಂಪನಿ 250 ಕೋಟಿ ಡಾಲರ್ ಕೊಟ್ಟು ಕೊಂಡುಕೊಂಡಿತು. 2023ರ ಹೊತ್ತಿಗೆ 30 ಕೋಟಿಗೂ ಮೀರಿ ಪ್ರತಿಗಳು ಮಾರಾಟವಾಗಿದ್ದವು. ಇದರಲ್ಲಿ ಎಲ್ಲ ಸಾಮಾನೂ ಪುಕ್ಕಟೆ ಸಿಕ್ಕಿ ಮನಸ್ಸಿಗೆ ಬಂದಂತೆ ಕಟ್ಟುವ ಒಂದು ಬಗೆ ಇದೆ. ಇನ್ನೊಂದು ಬಗೆಗೆ ಸರ್ವೈವಲ್ ಎನ್ನುತ್ತಾರೆ. ಅದರಲ್ಲಿ ಹಸಿವಾಗುತ್ತದೆ, ರಾತ್ರಿಯಾದರೆ ಪಿಶಾಚಿಗಳು ಬರುತ್ತವೆ, ಬೇಕಾದ ಪ್ರತಿಯೊಂದನ್ನೂ ನೆಲದಿಂದಲೋ ಮರದಿಂದಲೋ ದುಡಿದು ತೆಗೆಯಬೇಕು. ನಾನು ಹೇಳಹೊರಟಿರುವುದು ಈ ಎರಡನೆಯದರ ವಿಷಯ.

ನಾನು ಹುಟ್ಟಿ ಬೆಳೆದದ್ದು ಭದ್ರಾವತಿಯ ನ್ಯೂಟೌನ್ ಕ್ವಾರ್ಟರ್ಸ್‌ನಲ್ಲಿ. ಅಪ್ಪ ಅಲ್ಲಿನ ಕಬ್ಬಿಣದ ಕಾರ್ಖಾನೆಯಲ್ಲಿ ಫರ್ನೇಸಿನ ಮುಂದೆ ನಿಂತು ದುಡಿದು ನಿವೃತ್ತರಾದವರು. ಅಪ್ಪನ ಅಪ್ಪ ಅದೇ ಕಾರ್ಖಾನೆಗೆ ಕಾಡಿನಿಂದ ಬರುವ ಕಟ್ಟಿಗೆಯ ಲೆಕ್ಕ ಬರೆಯುತ್ತಿದ್ದವರು. ನನಗೀಗ ಶಿವಮೊಗ್ಗದ ಗೋಪಾಳದಲ್ಲಿ ಮನೆ, ಹೈಸ್ಕೂಲಿನಲ್ಲಿ ವಿಜ್ಞಾನದ ಪಾಠ. ರಜೆ ಬಂತೆಂದರೆ ಅಕ್ಕನ ಮಗ ನಮ್ಮಲ್ಲೇ ಠಿಕಾಣಿ. ಆಟ ಕಲಿಸಿದ ಗುರು ಅವನೇ. ‘ಚಿಕ್ಕಿ, ಎಲ್ಲಿ ಬೇಕಾದ್ರೂ ತೋಡು, ಕಾಲ ಕೆಳಗೆ ಮಾತ್ರ ನೆಟ್ಟಗೆ ತೋಡ್ಬೇಡ’ ಎಂಬುದು ಅವನ ಮೊದಲ ಪಾಠ. ಕೆಳಗೆ ಗುಹೆ ಇದ್ದರೆ ಬೀಳುತ್ತೇವೆ, ಲಾವಾ ಇದ್ದರೆ ಬೇಯುತ್ತೇವೆ, ಹೊತ್ತ ಸಾಮಾನೆಲ್ಲ ಸುಟ್ಟು ಹೋಗುತ್ತದೆ.

ಹುಡುಕುವ ಬಗೆ ನಿಜಕ್ಕೂ ಸ್ವಾರಸ್ಯವಾಗಿದೆ. ಆಟದ ಲೋಕವೆಲ್ಲ ಒಂದೊಂದು ಮೀಟರಿನ ಘನಾಕಾರದ ಬ್ಲಾಕ್‌ಗಳಿಂದ ಆದದ್ದು. ನಿಂತ ಜಾಗದ ಎತ್ತರವನ್ನು ವೈ ಎಂಬ ಅಂಕಿ ಹೇಳುತ್ತದೆ. ಸಮುದ್ರಮಟ್ಟ 62ರ ಆಸುಪಾಸು, ತೀರಾ ತಳ ಮೈನಸ್ 64, ನೆತ್ತಿ 320. ಮೊಬೈಲಿನಲ್ಲಿ ಆಡುವವರು ಸೆಟ್ಟಿಂಗಿಗೆ ಹೋಗಿ ಈ ಅಂಕಿ ಕಾಣುವ ಹಾಗೆ ಮಾಡಿಕೊಳ್ಳಬೇಕು. ಅದಿಲ್ಲದೆ ಹುಡುಕುವುದು ಕುರುಡು ಕೆಲಸ. ಅದಿರು ಎಲ್ಲೆಂದರಲ್ಲಿ ಸಮನಾಗಿ ಹರಡಿಲ್ಲ, ಒಂದೊಂದಕ್ಕೆ ಒಂದೊಂದು ಮಟ್ಟ. ನೆಲದೊಳಗೆ ಕಬ್ಬಿಣ ಹೆಚ್ಚಾಗಿ ಸಿಗುವುದು 16ರ ಸುತ್ತಮುತ್ತ. ಆದರೆ 2021ರ ನವೆಂಬರಿನಲ್ಲಿ ಬಂದ ಹೊಸ ಆವೃತ್ತಿಯಲ್ಲಿ ಬೆಟ್ಟಗಳ ಮೇಲ್ಭಾಗದಲ್ಲೂ ಕಬ್ಬಿಣ ತುಂಬಿಟ್ಟರು. ಎತ್ತರ ಏರಿದಂತೆಲ್ಲ ಅದು ಹೆಚ್ಚುತ್ತ ಹೋಗಿ 232ರಲ್ಲಿ ಅತಿ ಹೆಚ್ಚು. ಅಂದರೆ ಸುರಂಗವೇ ಬೇಡ. ದೊಡ್ಡ ಬೆಟ್ಟ ಹತ್ತಿ ಅದರ ಕಡಿದಾದ ಮೈಯನ್ನು ಕಣ್ಣಲ್ಲೇ ಜಾಲಾಡಿದರೆ ಆಯಿತು.

ಇದನ್ನು ಕೇಳಿ ಅಪ್ಪ ಕನ್ನಡಕ ಸರಿಮಾಡಿಕೊಂಡು ಪರದೆಯ ಹತ್ತಿರ ಬಂದರು. ‘ಇದು ಕೆಮ್ಮಣ್ಣುಗುಂಡಿಯ ಲೆಕ್ಕ ಆಯ್ತಲ್ಲೋ ಮರಿ’ ಎಂದರು.

ಅವರು ಹೇಳಿದ್ದು ಸರಿಯೇ. ಭದ್ರಾವತಿಯ ಕುಲುಮೆಗೆ ಅದಿರು ಬಂದದ್ದು ಪಾತಾಳದಿಂದ ಅಲ್ಲ, ಬೆಟ್ಟದ ನೆತ್ತಿಯಿಂದ. ತರೀಕೆರೆಯ ಆಚೆ ಬಾಬಾಬುಡನ್ ಸಾಲಿನಲ್ಲಿ ಕೆಮ್ಮಣ್ಣುಗುಂಡಿ ಇರುವುದು 1,434 ಮೀಟರ್ ಎತ್ತರದಲ್ಲಿ. ಆ ಬೆಟ್ಟಗಳ ಕಲ್ಲು 250 ಕೋಟಿ ವರ್ಷಕ್ಕೂ ಹಳೆಯದು. ಆಗಿನ ಕಡಲ ನೀರಿನಲ್ಲಿ ಕರಗಿದ್ದ ಕಬ್ಬಿಣ ತಳಕ್ಕಿಳಿದು, ನಡುನಡುವೆ ಮರಳಿನ ಜಾತಿಯ ಸಿಲಿಕ ಸೇರಿ, ಪದರ ಪದರವಾಗಿ ಗಟ್ಟಿಯಾಯಿತು. ಒಡೆದು ನೋಡಿದರೆ ಪತ್ರೊಡೆಯ ಸುರುಳಿ ಕೊಯ್ದಾಗ ಕಾಣುವ ಹಾಗೆ ಪಟ್ಟೆ ಪಟ್ಟೆ. ಭೂಮಿ ಮಡಿಚಿಕೊಂಡಾಗ ಆ ಪದರಗಳು ಮೇಲೆದ್ದವು. ಸುತ್ತಲಿನ ಮೆತ್ತಗಿನ ಕಲ್ಲು ಮಳೆಗೆ ಸವೆಯಿತು, ಗಟ್ಟಿ ಕಬ್ಬಿಣದ ಕಲ್ಲು ಶಿಖರವಾಗಿ ಉಳಿಯಿತು. ಆಟ ಮಾಡಿದವರು ಕೆಮ್ಮಣ್ಣುಗುಂಡಿಯನ್ನು ನೆನೆದು ಹಾಗೆ ಮಾಡಿರಲಾರರು. ಆದರೂ ನಮ್ಮ ಕಡೆಯ ಹುಡುಗರಿಗೆ ಭೂವಿಜ್ಞಾನ ಹೇಳಿಕೊಡಲು ಇದಕ್ಕಿಂತ ಸಲೀಸಾದ ದಾರಿ ನನಗೆ ಸಿಕ್ಕಿಲ್ಲ.

ವಜ್ರದ ವಿಷಯ ಬೇರೆ. ಅದು ಹೆಚ್ಚಾಗಿ ಸೊನ್ನೆಯ ಕೆಳಗೆ, ಕಪ್ಪು ಕಲ್ಲಿನ ಪದರದಲ್ಲಿ ಇರುತ್ತದೆ, ಆಳ ಹೆಚ್ಚಿದಷ್ಟೂ ಹೆಚ್ಚು. ಬಲ್ಲವರು ಮೈನಸ್ 59ರ ಹತ್ತಿರ ನೆಲೆ ನಿಲ್ಲುತ್ತಾರೆ, ಇನ್ನೂ ಇಳಿದರೆ ಒಡೆಯಲಾಗದ ತಳಬಂಡೆ ಅಡ್ಡ ಬರುತ್ತದೆ. ದೊಡ್ಡ ಗುಹೆಗಳಲ್ಲಿ ಅಡ್ಡಾಡಿದರೆ ವಜ್ರ ಬೇಗ ಸಿಗುತ್ತದೆಂದು ಹೊಸಬರು ತಿಳಿಯುತ್ತಾರೆ. ಆದರೆ ಗಾಳಿಗೆ ತೆರೆದುಕೊಂಡ ಗೋಡೆಗಳಲ್ಲಿ ವಜ್ರ ಕಡಿಮೆ ಇರುವಂತೆ ಆಟದಲ್ಲೇ ಏರ್ಪಾಡಾಗಿದೆ, ಹೆಚ್ಚಿನದು ಕಲ್ಲಿನ ಒಳಗೇ ಅಡಗಿರುತ್ತದೆ. ಆದ್ದರಿಂದ ಎರಡು ಬ್ಲಾಕ್ ಎತ್ತರದ ಒಂದು ಮುಖ್ಯ ಸುರಂಗ ಕೊರೆದು, ಅದರಿಂದ ಎಡಕ್ಕೂ ಬಲಕ್ಕೂ ಕವಲು ತೆಗೆಯುತ್ತಾರೆ. ಕವಲು ಕವಲಿನ ನಡುವೆ ಎರಡೋ ಮೂರೋ ಬ್ಲಾಕ್ ಬಿಟ್ಟರೆ, ಒಡೆದದ್ದು ಸ್ವಲ್ಪ, ಕಣ್ಣಿಗೆ ಬಿದ್ದ ಗೋಡೆ ಬಹಳ. ನಡೆದಷ್ಟೂ ದಾರಿಗೆ ದೊಂದಿ ನೆಡಬೇಕು, ಕತ್ತಲೆ ಉಳಿದ ಕಡೆಯೆಲ್ಲ ಪಿಶಾಚಿ ಹುಟ್ಟುತ್ತದೆ. ಸೊಂಟದಲ್ಲಿ ಒಂದು ಬಕೆಟ್ ನೀರು ಇರಲೇಬೇಕು, ಏಕೆಂದರೆ ಮೈನಸ್ 54ರಿಂದ ಕೆಳಗಿನ ಗುಹೆಗಳ ತುಂಬ ಲಾವಾ. ಆ ಬಕೆಟ್ ಮಾಡಲೂ ಮೂರು ಗಟ್ಟಿ ಕಬ್ಬಿಣ ಬೇಕು. ಗೋಡೆಯ ಹಿಂದೆ ಇರುವುದೆಲ್ಲ ಕಾಣುವಂತೆ ಮಾಡುವ ಕಳ್ಳದಾರಿಗಳೂ ಇವೆ. ಅವನ್ನು ಬಳಸುವವರು ಆಟವನ್ನೇಕೆ ಆಡುತ್ತಾರೋ ನನಗಂತೂ ಅರ್ಥವಾಗಿಲ್ಲ.

ವಜ್ರ ಹುಡುಗರ ಕನಸು, ಸರಿ. ಆದರೆ ಆಟ ನಡೆಯುವುದು ಕಬ್ಬಿಣದ ಮೇಲೆ. ಬಕೆಟ್, ಗುರಾಣಿ, ಹಳಿ, ಕತ್ತರಿ, ವಜ್ರ ತೆಗೆಯುವ ಪಿಕಾಸಿ ಎಲ್ಲಕ್ಕೂ ಅದೇ ಬೇಕು. ಭದ್ರಾವತಿಯ ಮಗಳಾಗಿ ಇಷ್ಟಾದರೂ ಪಕ್ಷಪಾತ ನನಗಿರಲಿ.

ಅದಿರು ಸಿಕ್ಕ ಮೇಲಿನ ಕೆಲಸವೇ ನಮ್ಮ ಮನೆಯಲ್ಲಿ ಹೆಚ್ಚು ಚರ್ಚೆಯಾದದ್ದು. ಆಟದಲ್ಲಿ ಎಂಟು ಕಲ್ಲು ಜೋಡಿಸಿದರೆ ಒಂದು ಒಲೆ. ಮೇಲೆ ಅದಿರು, ಕೆಳಗೆ ಕಲ್ಲಿದ್ದಲು, ಹತ್ತು ಸೆಕೆಂಡಿಗೆ ಒಂದು ಕಬ್ಬಿಣದ ಗಟ್ಟಿ ಹೊರಗೆ. ಅಪ್ಪನಿಗೆ ಇದು ರುಚಿಸಲಿಲ್ಲ. ‘ಸುಣ್ಣಕಲ್ಲು ಹಾಕಲೇ ಇಲ್ಲ! ಸ್ಲ್ಯಾಗ್ ಎಲ್ಲಿ ಹೋಯ್ತು?’ ಮೊಮ್ಮಗನಿಗೆ ಆ ಪದವೇ ಹೊಸದು. ಅಪ್ಪ ಹೇಳಿದ್ದರ ಸಾರ ಇಷ್ಟು: ಅದಿರೆಂದರೆ ಕಬ್ಬಿಣ, ಆಮ್ಲಜನಕ ಮತ್ತು ಬೇಡದ ಮಣ್ಣುಕಲ್ಲು. ಇದ್ದಿಲು ಉರಿದು ಹುಟ್ಟುವ ಅನಿಲ ಆಮ್ಲಜನಕವನ್ನು ಎಳೆದೊಯ್ಯುತ್ತದೆ. ಸುಣ್ಣಕಲ್ಲು ಸಿಲಿಕವನ್ನು ಹಿಡಿದು ಕರಗಿ ಸ್ಲ್ಯಾಗ್ ಆಗಿ ಮೇಲೆ ತೇಲುತ್ತದೆ. ಕೆಳಗೆ ಹರಿಯುವುದು ಬೀಡುಕಬ್ಬಿಣ. ಅದರಲ್ಲಿ ನೂರಕ್ಕೆ ನಾಲ್ಕರಷ್ಟು ಇಂಗಾಲ ಉಳಿದಿರುವುದರಿಂದ ಸುತ್ತಿಗೆಯ ಪೆಟ್ಟಿಗೆ ಸೀಳುತ್ತದೆ. ಆ ಇಂಗಾಲವನ್ನು ಇಳಿಸಿದರೆ ಮಾತ್ರ ಉಕ್ಕು. ಭದ್ರಾವತಿಗೆ ಸುಣ್ಣಕಲ್ಲು ಬಂದದ್ದು ಹತ್ತಿರದ ಭಂಡಿಗುಡ್ಡದಿಂದ.

ಆದರೆ ಆಟದ ಒಂದು ನಿಯಮವನ್ನು ಅಪ್ಪನೂ ಮೆಚ್ಚಿದರು. ಕಲ್ಲಿದ್ದಲು ಸಿಗದಿದ್ದರೆ ಮರದ ದಿಮ್ಮಿಯನ್ನೇ ಒಲೆಗೆ ಹಾಕಿ ಇದ್ದಿಲು ಮಾಡಿಕೊಳ್ಳಬಹುದು. ಒಂದು ಇದ್ದಿಲಿಗೆ ಎಂಟು ಗಟ್ಟಿ ಕಬ್ಬಿಣ. ಮೈಸೂರು ಸಂಸ್ಥಾನ ಮಾಡಿದ್ದೂ ಇದನ್ನೇ. ಇಲ್ಲಿ ಅದಿರಿಗೆ ಬರವಿರಲಿಲ್ಲ, ಬರವಿದ್ದದ್ದು ಕಲ್ಲಿದ್ದಲಿಗೆ. ಕುಲುಮೆಗೆ ಒಗ್ಗುವ ಕಲ್ಲಿದ್ದಲು ಇದ್ದದ್ದು ದೂರದ ಬಿಹಾರ, ಬಂಗಾಳದ ಕಡೆ. ಹತ್ತಿರ ಇದ್ದದ್ದು ಮಲೆನಾಡಿನ ಕಾಡು. ಹೀಗಾಗಿ 1918ರಲ್ಲಿ, ಆಗಿನ ಬೆಂಕಿಪುರದಲ್ಲಿ, ಭದ್ರಾ ದಂಡೆಯ ಮೇಲೆ ಇದ್ದಿಲಿನಿಂದ ನಡೆಯುವ ಕಬ್ಬಿಣದ ಕಾರ್ಖಾನೆಗೆ ಕೈ ಹಾಕಿದರು. ಟಾಟಾ ಕಾರ್ಖಾನೆಗೂ ಸಲಹೆ ಕೊಟ್ಟಿದ್ದ ಅಮೆರಿಕದ ಎಂಜಿನಿಯರ್ ಸಿ. ಪಿ. ಪೆರಿನ್ ಇದಕ್ಕೂ ಸಲಹೆಗಾರರು. 1923ರ ಜನವರಿಯಲ್ಲಿ ಕುಲುಮೆ ಹೊತ್ತಿತು. ಕಬ್ಬಿಣದ ಬೆಲೆ ಕುಸಿದು ಖರ್ಚೇ ಹೆಚ್ಚಾಗಿದ್ದ ಆ ವರ್ಷವೇ, ಮೊದಲೇ ದಿವಾನಗಿರಿ ಬಿಟ್ಟಿದ್ದ ವಿಶ್ವೇಶ್ವರಯ್ಯನವರು ಬಂದು ಆಡಳಿತ ಮಂಡಳಿಯ ಚುಕ್ಕಾಣಿ ಹಿಡಿದರು, 1929ರವರೆಗೂ ಇದ್ದರು.

ಇದ್ದಿಲಿನ ಲೆಕ್ಕವನ್ನು ಆಟದ ಜೊತೆ ಇಟ್ಟು ನೋಡಬೇಕು. ಆಟದಲ್ಲಿ 64 ಗಟ್ಟಿ ಕಬ್ಬಿಣಕ್ಕೆ ಎಂಟು ಇದ್ದಿಲು ಸಾಕು, ಅಂದರೆ ಎರಡು ಮರ. ಬುಡದಲ್ಲಿ ಎರಡು ಸಸಿ ನೆಟ್ಟರೆ ತುಸು ಹೊತ್ತಿಗೆ ಮತ್ತೆ ಮರ. ನಿಜದ ಕುಲುಮೆಯಲ್ಲಿ ಒಂದು ಟನ್ ಕಬ್ಬಿಣಕ್ಕೆ ಸುಮಾರು ಒಂದು ಟನ್ ಇದ್ದಿಲು, ಆ ಇದ್ದಿಲಿಗೆ ನಾಲ್ಕೈದು ಟನ್ ಕಟ್ಟಿಗೆ ಬೇಕು. ಹಗಲೂ ರಾತ್ರಿ ಆರದ ಕುಲುಮೆಗೆ ಎಷ್ಟು ಕಾಡು ಸಾಲುತ್ತದೆ? ಭದ್ರಾವತಿಯವರು ಒಂದು ಜಾಣತನ ಮಾಡಿದ್ದರು: ಕಟ್ಟಿಗೆಯನ್ನು ಬಯಲಲ್ಲಿ ಗುಡ್ಡೆಹಾಕಿ ಸುಡದೆ, ಮುಚ್ಚಿದ ಪಾತ್ರೆಗಳಲ್ಲಿ ಕಾಯಿಸಿ, ಬರುವ ಹೊಗೆಯನ್ನು ತಣಿಸಿ ಡಾಂಬರು, ಮದ್ಯಸಾರ ಮುಂತಾದವನ್ನೂ ತೆಗೆಯುತ್ತಿದ್ದರು. ಆದರೂ ಕಾಡು ಕಾಡೇ. 1948ರಲ್ಲಿ ಜೋಗದ ದೊಡ್ಡ ವಿದ್ಯುತ್ ಯೋಜನೆ ಶುರುವಾದ ಮೇಲೆ ವಿದ್ಯುತ್ ಕುಲುಮೆಗಳು ಬಂದವು. ಶಾಖದ ಕೆಲಸ ಕರೆಂಟಿನ ಪಾಲಾಗಿ ಇದ್ದಿಲಿನ ಹಸಿವು ಇಳಿಯಿತು. ನನ್ನ ತಾತನ ಲೆಕ್ಕದ ಪುಸ್ತಕಗಳು ತೆಳ್ಳಗಾದದ್ದು ಆ ಕಾಲದಲ್ಲಿ ಎಂದು ಅಪ್ಪ ಹೇಳುತ್ತಾರೆ.

ಸಾಗಿಸುವ ಕಷ್ಟವನ್ನೂ ಆಟ ಮರೆತಿಲ್ಲ. ಆಟಗಾರನ ಚೀಲದಲ್ಲಿ ಇರುವುದು 36 ಖಾನೆ. ಅದು ಕಲ್ಲು, ಮಣ್ಣು, ಬೇಡದ್ದರಿಂದ ತುಂಬಿಹೋದರೆ ಕಣ್ಣೆದುರಿನ ಅದಿರನ್ನೂ ಬಿಟ್ಟು ಬರಬೇಕು. ಅನುಭವಿಗಳು ಒಂಬತ್ತು ಹಸಿ ಕಬ್ಬಿಣದ ತುಂಡನ್ನು ಒಂದು ಬ್ಲಾಕ್ ಮಾಡಿ ಜಾಗ ಉಳಿಸುತ್ತಾರೆ, ಹಳಿ ಹಾಕಿ ಬಂಡಿಯಲ್ಲಿ ಸಾಗಿಸುತ್ತಾರೆ. ಕೆಮ್ಮಣ್ಣುಗುಂಡಿಯಿಂದ ಅದಿರು ತೂಗುತೊಟ್ಟಿಗಳಲ್ಲಿ ಕೂತು ರೋಪ್‌ವೇ ಮೂಲಕ ಬೆಟ್ಟದ ಬುಡದ ತಣಿಗೆಬೈಲಿಗೆ ಇಳಿದು, ಅಲ್ಲಿಂದ ಪುಟ್ಟ ರೈಲಿನಲ್ಲಿ ತರೀಕೆರೆಯ ಕಡೆಗೆ ಹೋಗುತ್ತಿತ್ತು. ಅದಿರು ಕಂಡುಹಿಡಿಯುವುದು ಈ ಕಥೆಯಲ್ಲಿ ಅತಿ ಸುಲಭದ ಭಾಗ. ಬೆಟ್ಟ ಕೆಂಪಗೆ ಎದುರಿಗೇ ನಿಂತಿತ್ತು. ಇಂಧನ, ದಾರಿ, ಹಣ ಹೊಂದಿಸುವುದರಲ್ಲೇ ಇಡೀ ಸಂಸ್ಥಾನ ಬೆವರಿತು.

ಆಟ ಹೇಳಿಕೊಡದ ಸಂಗತಿಯೂ ಒಂದಿದೆ. ಅಲ್ಲಿ ಒಂದು ಬೆಟ್ಟ ಬರಿದಾದರೆ ಮುಂದಿನ ಬೆಟ್ಟ ಇದ್ದೇ ಇದೆ, ನಡೆದಷ್ಟೂ ಹೊಸ ನೆಲ ಹುಟ್ಟುತ್ತ ಹೋಗುತ್ತದೆ. ನಿಜದ ಗಣಿಗೆ ಎಲ್ಲೆ ಇದೆ, ಸುತ್ತ ಕಾಡಿದೆ, ಕಾನೂನಿದೆ. ಬಾಬಾಬುಡನ್ ಸಾಲಿನ ನೈರುತ್ಯಕ್ಕಿರುವ ಕುದುರೆಮುಖದಲ್ಲಿ 2005ರ ಕೊನೆಗೆ ಗಣಿ ನಿಂತಿತು. ಅದು ನಿಲ್ಲಬೇಕಾದದ್ದೇ ಎಂಬುದು ನನ್ನ ಅಭಿಪ್ರಾಯ. ಭದ್ರೆ ಹುಟ್ಟುವ ಸೀಮೆ ಅದು, ನಾನು ಕುಡಿದು ಬೆಳೆದದ್ದು ಅದರ ನೀರು. ಕೆಮ್ಮಣ್ಣುಗುಂಡಿಯಲ್ಲೂ ಪಿಕಾಸಿಯ ಸದ್ದು ಅಡಗಿ ವರ್ಷಗಳಾದವು. ಇತ್ತ 1989ರಲ್ಲಿ ಕೇಂದ್ರದ ಉಕ್ಕು ಪ್ರಾಧಿಕಾರದ ಕೈಗೆ ಹೋದ ಭದ್ರಾವತಿಯ ಕಾರ್ಖಾನೆ, 1998ರಲ್ಲಿ ಅದರಲ್ಲೇ ವಿಲೀನವಾಯಿತು. ಸ್ವಂತ ಅದಿರಿನ ಗಣಿ ಬೇಕೆಂದು ಕಾರ್ಮಿಕರು ಕೇಳುತ್ತಲೇ ಬಂದರು. ಅದು ಕೈಗೂಡಲಿಲ್ಲ.

ಅಕ್ಕನ ಮಗನ ಪ್ರಶ್ನೆ ಚುರುಕಾಗಿತ್ತು. ‘ಹಾಗಾದ್ರೆ ಅಜ್ಜ, ನಿಮ್ಮ ಫರ್ನೇಸಿಗೆ ಅದಿರು ಬೇರೆಯವರ ಹತ್ರ ಕೊಂಡ್ಕೋಬೇಕಿತ್ತಾ?’ ಅಪ್ಪ ಹೌದೆಂದರು. ಆಟದಲ್ಲೂ ಹಳ್ಳಿಯ ವ್ಯಾಪಾರಿಗಳಿಂದ ಸಾಮಾನು ಕೊಳ್ಳಬಹುದು. ಆದರೆ ಅವರು ಹೇಳಿದ ಬೆಲೆಗೆ ಕೊಳ್ಳುವವನು ಬೇಗ ಬಡವನಾಗುತ್ತಾನೆ ಎಂಬುದು ಅವನಿಗೆ ಚೆನ್ನಾಗಿ ಗೊತ್ತು.

ಮಕ್ಕಳು ಈ ಆಟ ಆಡುವ ಮನೆಯವರಿಗೆ ನನ್ನದೊಂದು ಮಾತು. ಹೊತ್ತಿನ ಮಿತಿ ಹಾಕಿ, ಅದು ಬೇಕೇ ಬೇಕು. ಜೊತೆಗೆ ಒಂದು ಭಾನುವಾರ ತರೀಕೆರೆ, ಲಿಂಗದಹಳ್ಳಿ ದಾರಿಯಾಗಿ ಕೆಮ್ಮಣ್ಣುಗುಂಡಿಗೆ ಕರೆದುಕೊಂಡು ಹೋಗಿ, ಪಟ್ಟೆಗಳಿರುವ ಕಲ್ಲನ್ನು ತೋರಿಸಿ. ಶಿವಮೊಗ್ಗದಿಂದ ಹೊರಟರೆ ಹಾದಿಯಲ್ಲಿ ಭದ್ರಾವತಿ ಸಿಗುತ್ತದೆ. ಅಲ್ಲಿನ ಕಾರ್ಖಾನೆಯನ್ನು ಮುಚ್ಚುವ ನಿರ್ಧಾರ 2023ರ ಜನವರಿಯಲ್ಲಿ ಹೊರಬಿತ್ತು. ಗುತ್ತಿಗೆ ಕಾರ್ಮಿಕರು ಧರಣಿ ಕೂತರು. ಆ ವರ್ಷದ ಆಗಸ್ಟ್‌ನಲ್ಲಿ ಬಾರ್ ಮಿಲ್ ಮತ್ತೆ ಓಡಿತು, ಹೊರಗಿನಿಂದ ತರಿಸಿದ ಉಕ್ಕಿನ ಗಟ್ಟಿಗಳನ್ನು ಕಾಯಿಸಿ ಎಳೆಯುವುದಕ್ಕೆ.