ಎಪ್ಪತ್ತಾರರ ಹುಲಿ

1917ರ ನವೆಂಬರ್. ಮೊದಲ ಮಹಾಯುದ್ಧದಲ್ಲಿ ಫ್ರಾನ್ಸ್ ಸೋತು ಸುಣ್ಣವಾಗಿತ್ತು. ವಸಂತದ ದಾಳಿ ನೆಲಕಚ್ಚಿ, ಅದರ ಬೆನ್ನಲ್ಲೇ ಸೈನಿಕರೇ ದಂಗೆ ಎದ್ದಿದ್ದರು. ಅತ್ತ ರಷ್ಯಾದಲ್ಲಿ ಬೊಲ್ಶೆವಿಕರು ಗದ್ದುಗೆ ಏರಿದ್ದರು. ಬೇರೆ ದಾರಿ ಕಾಣದೆ ಅಧ್ಯಕ್ಷ ಪ್ವಾಂಕಾರೆ ತನಗೆ ಕಂಡರಾಗದವನನ್ನೇ ಕರೆದು ಪ್ರಧಾನಿ ಪಟ್ಟ ಕಟ್ಟಿದ. ಜಾರ್ಜ್ ಕ್ಲೆಮಾನ್ಸೊಗೆ ಆಗ 76.

ಆತನನ್ನು ಹುಲಿ ಮಾಡಿದ್ದು ಯುದ್ಧ ಎನ್ನುವವರಿದ್ದಾರೆ. ನಾನು ಒಪ್ಪುವುದಿಲ್ಲ. ಆ ಅಡ್ಡಹೆಸರು ಯುದ್ಧಕ್ಕೆ ಮೊದಲೇ ಅಂಟಿತ್ತು; ಹುಲಿ ಬೆಳೆದದ್ದು ವಿರೋಧದ ಸಾಲಿನಲ್ಲಿ. ಚರ್ಚ್‌ಗೂ ರಾಜನಿಗೂ ನಿಷ್ಠೆಗೆ ಹೆಸರಾದ ವಾಂದೆ ಸೀಮೆಯಲ್ಲಿ 1841ರಲ್ಲಿ ಹುಟ್ಟಿದವನಿಗೆ ಸಿಕ್ಕಿದ್ದು ದೇವರನ್ನೂ ದೊರೆಯನ್ನೂ ಒಪ್ಪದ ವೈದ್ಯ ಅಪ್ಪ. ಮೂರನೇ ನೆಪೋಲಿಯನ್ನನ ಪೊಲೀಸರು 1858ರಲ್ಲಿ ಅಪ್ಪನನ್ನು ಬಂಧಿಸಿದಾಗ ಮಗನಿಗೆ 17 ತುಂಬಿರಲಿಲ್ಲ. ಮುಂದೆ ತಾನೂ ವೈದ್ಯಕೀಯ ಓದಿದ, ಭಿತ್ತಿಪತ್ರ ಅಂಟಿಸಿ ಜೈಲು ಕಂಡ, ಅಮೆರಿಕಕ್ಕೆ ಹೋಗಿ ಹೆಣ್ಣುಮಕ್ಕಳ ಶಾಲೆಯಲ್ಲಿ ಫ್ರೆಂಚ್ ಜತೆಗೆ ಕುದುರೆ ಸವಾರಿಯನ್ನೂ ಕಲಿಸಿದ.

ಸಂಸತ್ತಿಗೆ ಬಂದ ಮೇಲಂತೂ ಮಂತ್ರಿಮಂಡಲ ಉರುಳಿಸುವುದೇ ಕಸುಬಾಯಿತು. ಪನಾಮಾ ಕಾಲುವೆ ಹಗರಣದ ಕೆಸರು ಸಿಡಿದು 1893ರ ಚುನಾವಣೆಯಲ್ಲಿ ಸೋತಾಗ ಈತನ ಕತೆ ಮುಗಿಯಿತೆಂದೇ ಎಲ್ಲರೂ ಎಣಿಸಿದ್ದರು. ಪತ್ರಿಕೆ ಕೈಹಿಡಿಯಿತು. ನಿರಪರಾಧಿ ಸೇನಾಧಿಕಾರಿ ದ್ರೇಫಸ್ ಪರವಾಗಿ ಕಾದಂಬರಿಕಾರ ಜೊಲಾ ಬರೆದ ಪತ್ರ 1898ರ ಜನವರಿ 13ರಂದು ‘ಲೊರೋರ್’ ಪತ್ರಿಕೆಯಲ್ಲಿ ಅಚ್ಚಾದಾಗ, ಅದಕ್ಕೆ ‘ನಾನು ಆರೋಪಿಸುತ್ತೇನೆ’ ಎಂಬ ತಲೆಬರಹ ಕೊಟ್ಟವನು ಈತನೇ.

ಹಾಗೆಂದು ಸಜ್ಜನ ಎನ್ನಲು ನಾಲಗೆ ಏಳುವುದಿಲ್ಲ. 1906ರಲ್ಲಿ ಮೊದಲ ಬಾರಿ ಅಧಿಕಾರ ಸಿಕ್ಕಾಗ, ಮುಷ್ಕರ ಹೂಡಿದವರ ಮೇಲೆ ಸೈನ್ಯ ಬಿಟ್ಟ. ತನ್ನ ಪ್ರಣಯಗಳಿಗೆ ಲೆಕ್ಕವಿರಲಿಲ್ಲ; ಹೆಂಡತಿ ಮೇರಿ ಒಮ್ಮೆ ಎಡವಿದ್ದಕ್ಕೆ ಮಾತ್ರ ಆಕೆಯನ್ನು ಜೈಲಿಗೆ ಹಾಕಿಸಿ ಅಮೆರಿಕಕ್ಕೆ ಅಟ್ಟಿದ.

ಈ ಮೊಂಡುತನವೇ 1918ರಲ್ಲಿ ದೇಶಕ್ಕೆ ಬೇಕಾಯಿತು. ಹಳೆಯ ಟೋಪಿ, ಕೈಯಲ್ಲೊಂದು ಕೋಲು. ಮುದುಕ ಕಂದಕಗಳಲ್ಲಿ ಕೆಸರು ತುಳಿದು ಸೈನಿಕರನ್ನು ಮಾತಾಡಿಸಿದ. ಅವರು ಕೊಟ್ಟ ಧೂಳು ಹಿಡಿದ ಹೂಗೊಂಚಲನ್ನು ಒಣಗಿದ ಮೇಲೂ ಎಸೆಯಲಿಲ್ಲ. 1929ರಲ್ಲಿ ಅದು ಆತನೊಂದಿಗೇ ಮಣ್ಣಾಯಿತು. 1919ರ ಫೆಬ್ರುವರಿಯಲ್ಲಿ ಎಮಿಲ್ ಕೊತ್ತಾ ಎಂಬ ಯುವಕ ಹಾರಿಸಿದ ಗುಂಡೊಂದು ಕೊನೆಯವರೆಗೂ ಮೈಯೊಳಗೇ ಉಳಿಯಿತು. ಆ ಯುವಕನ ಮರಣದಂಡನೆಯನ್ನು ಹತ್ತು ವರ್ಷದ ಸೆರೆವಾಸಕ್ಕೆ ಇಳಿಸುವಂತೆ ಮಾಡಿದ್ದೂ ಇದೇ ಕ್ಲೆಮಾನ್ಸೊ.

ಅಷ್ಟೊಂದು ಮಂದಿಯನ್ನು ಕುರ್ಚಿಯಿಂದ ಕೆಡವಿದವನನ್ನು ಸಂಸದರು ಮರೆಯಲಿಲ್ಲ. 1920ರ ಜನವರಿಯಲ್ಲಿ ಅವರು ಅಧ್ಯಕ್ಷ ಪದವಿಗೆ ಆತನನ್ನು ಬಿಟ್ಟು ಪೋಲ್ ಡೆಶನೆಲ್‌ನನ್ನು ಆರಿಸಿದರು. ಆರೋಗ್ಯ ಕೆಟ್ಟು ಡೆಶನೆಲ್ ಸೆಪ್ಟೆಂಬರ್‌ನಲ್ಲೇ ರಾಜೀನಾಮೆ ಕೊಟ್ಟ. ಅದೇ ಹೊತ್ತಿಗೆ ಕ್ಲೆಮಾನ್ಸೊ ಏಷ್ಯಾ ಪ್ರವಾಸಕ್ಕೆ ಹೊರಟ. ಭಾರತಕ್ಕೂ ಬಂದು, ಗ್ವಾಲಿಯರ್ ಸೀಮೆಯಲ್ಲಿ ಹುಲಿ ಬೇಟೆಯಾಡಿ ಹೋದ.